ಒಂದಕ್ಕೆ ಹತ್ತು

ಕಳೆದ ತಿಂಗಳು ಒಂದು ಬುಧವಾರದ ರಾತ್ರಿ ಉತ್ತರಪತ್ರಿಕೆಗಳ ಕಟ್ಟನ್ನು ಬಿಚ್ಚಿಕೊಂಡು ಕುಳಿತಿದ್ದೆ. ರನ್ನನ ಗದಾಯುದ್ಧವನ್ನು ಕುರಿತ ಪ್ರಶ್ನೆಗೆ ವಿದ್ಯಾರ್ಥಿ ಮಹಾಶಯನೊಬ್ಬ ಪಂಪಭಾರತದ ಕಥೆಯನ್ನು ಐದು ಪುಟ ತುಂಬ ಬರೆದಿದ್ದ. ಬರೆದದ್ದನ್ನೇನೋ ತಪ್ಪಿಲ್ಲದೆ ಬರೆದಿದ್ದ; ಕೇಳಿದ್ದು ಮಾತ್ರ ಅದಲ್ಲ. ಈ ಐದು ಪುಟದ ದುಡಿಮೆಗೆ ಎಷ್ಟು ಅಂಕ ಸಲ್ಲಬೇಕು ಎಂದು ಕೆಂಪು ಪೆನ್ನು ಹಿಡಿದು ಯೋಚಿಸುತ್ತಿದ್ದಾಗ ನನ್ನ ಸೋದರಳಿಯ ಬಾಗಿಲ ಬಳಿ ಬಂದು ನಿಂತ. ಗಣಿತದಲ್ಲಿ ಎಂ.ಎಸ್ಸಿ. ಓದುತ್ತ ನಮ್ಮ ಮನೆಯಲ್ಲೇ ಇರುವ ಹುಡುಗ. ಮುಖ ಬಾಡಿತ್ತು.

"ಮಾಮ, ಒಂದು ಮಾತು ಕೇಳಬೇಕು. ಒಬ್ಬ ಮನುಷ್ಯ ಒಂದು ಮರ ಕಡಿದರೆ ಎಷ್ಟು ಸೌದೆ ಸಿಗಬೇಕು?"

ನಾನು ಚಕಿತನಾದೆ. ಈ ಹುಡುಗ ಹುಟ್ಟಿದ ಮೇಲೆ ನಮ್ಮ ಮನೆತನದ ಯಾವ ಅಡಿಗೆಮನೆಯಲ್ಲೂ ಸೌದೆ ಉರಿದದ್ದಿಲ್ಲ. ಆದರೂ ಮೇಷ್ಟರ ಬುದ್ಧಿ ಸುಮ್ಮನಿರುತ್ತದೆಯೇ? "ಮರ ಯಾವುದು, ಕೊಡಲಿ ಎಂಥದು, ಕಡಿಯುವವನ ತೋಳು ಎಂಥದು ಎಂಬುದನ್ನು ನೋಡಿ ಹೇಳಬೇಕಾಗುತ್ತದೆ" ಎಂದೆ.

"ಅದೆಲ್ಲ ಇರಲಿ ಮಾಮ. ಈಗ ಸಿಗುವುದನ್ನು ಒಂದು ಎಂದು ಇಟ್ಟುಕೊಳ್ಳಿ. ಒಂದೇ ಇದ್ದಾಗ ಜಗಳವಾಯಿತು. ಹತ್ತು ಮಾಡಿದೆ. ಈಗ ಜಗಳವೂ ಇಲ್ಲ, ಜನರೂ ಇಲ್ಲ. ಏಳು ಜನರ ಸ್ನೇಹ ಮುರಿದುಹೋಗುವ ಹಾಗಿದೆ."

ಉತ್ತರಪತ್ರಿಕೆಗಳನ್ನು ಬದಿಗಿಟ್ಟು ವಿಷಯವೇನೆಂದು ವಿಚಾರಿಸಿದೆ.

ವಾಚಕರಲ್ಲಿ ಈ ಬಗೆಯ ಆಟಗಳ ಪರಿಚಯವಿಲ್ಲದವರಿಗಾಗಿ ಎರಡು ಮಾತು ಹೇಳುವುದು ಅಗತ್ಯ. ಪರಿಚಯವುಳ್ಳವರು, ಎಂದರೆ ತಮ್ಮ ಮನೆಯ ಮಕ್ಕಳು, ನನ್ನ ತಪ್ಪುಗಳನ್ನು ದಯಮಾಡಿ ಮನ್ನಿಸಬೇಕು. ಇದು ಕಂಪ್ಯೂಟರಿನಲ್ಲಿ ಆಡುವ ಆಟ. ಹೆಸರು 'ಆರ್ಕ್: ಸರ್ವೈವಲ್ ಇವಾಲ್ವ್ಡ್'. ಸ್ಟುಡಿಯೋ ವೈಲ್ಡ್‌ಕಾರ್ಡ್ ಎಂಬ ಸಂಸ್ಥೆ 2015ರ ಜೂನಿನಲ್ಲಿ ಇದನ್ನು ಇನ್ನೂ ಕಟ್ಟುತ್ತಿರುವ ರೂಪದಲ್ಲೇ ಆಟಗಾರರ ಕೈಗಿತ್ತು, 2017ರ ಆಗಸ್ಟಿನಲ್ಲಿ ಪೂರ್ಣಗೊಳಿಸಿ ಹೊರತಂದಿತು. ಆಟಗಾರನು ಒಂದು ದ್ವೀಪದ ಮರಳದಂಡೆಯ ಮೇಲೆ ಬರಿಗೈಯಲ್ಲಿ ಕಣ್ಣುಬಿಡುತ್ತಾನೆ. ಸುತ್ತಲೂ ಡೈನೋಸಾರ್‌ಗಳು. ಮೊದಲು ಮರವನ್ನು ಬರಿಯ ಮುಷ್ಟಿಯಿಂದ ಗುದ್ದಿ ಒಂದಿಷ್ಟು ಹುಲ್ಲು, ಕಡ್ಡಿ ಪಡೆಯಬೇಕು, ಕಲ್ಲನ್ನು ಆರಿಸಿಕೊಳ್ಳಬೇಕು, ಅವನ್ನು ಜೋಡಿಸಿ ಕಲ್ಲಿನ ಗುದ್ದಲಿ, ಕಲ್ಲಿನ ಕೊಡಲಿ ಮಾಡಿಕೊಳ್ಳಬೇಕು. ಅದೇ ಮರಕ್ಕೆ ಕೊಡಲಿ ಹಾಕಿದರೆ ಸೌದೆ ಹೆಚ್ಚು ಸಿಗುತ್ತದೆ, ಗುದ್ದಲಿ ಹಾಕಿದರೆ ಮಾಡಿಗೆ ಹೊದಿಸುವ ಹುಲ್ಲು ಹೆಚ್ಚು ಸಿಗುತ್ತದೆ. ಹೀಗೆ ಕೂಡಿಸಿ ಮೊದಲು ಹುಲ್ಲಿನ ಗುಡಿಸಲು, ಅನಂತರ ಮರದ ಮನೆ, ಅನಂತರ ಕಲ್ಲಿನ ಮನೆ, ಕೊನೆಗೆ ಲೋಹದ ಕೋಟೆ. ನಡುನಡುವೆ ಡೈನೋಸಾರ್‌ಗಳನ್ನು ಪಳಗಿಸಿ ಎತ್ತು, ಕುದುರೆಗಳಂತೆ ದುಡಿಸಿಕೊಳ್ಳಬೇಕು. ಮನುಷ್ಯಕುಲ ಸಾವಿರಾರು ವರ್ಷ ತೆಗೆದುಕೊಂಡ ಹಾದಿಯನ್ನು ಈ ಮಕ್ಕಳು ಎರಡು ತಿಂಗಳಲ್ಲಿ ನಡೆದು ಮುಗಿಸುತ್ತಾರೆ.

ಹಲವರು ಕೂಡಿ ಒಂದೇ ದ್ವೀಪದಲ್ಲಿ ಆಡಬೇಕಾದರೆ ಆ ದ್ವೀಪ ಹಗಲಿರುಳು ನಡೆಯುವ ಒಂದು ಕಂಪ್ಯೂಟರಿನಲ್ಲಿ ನೆಲೆಸಿರಬೇಕು. ಅದನ್ನೇ ಸರ್ವರ್ ಎನ್ನುತ್ತಾರೆ. ನನ್ನ ಸೋದರಳಿಯ ಮತ್ತು ಅವನ ಗೆಳೆಯರು ತಿಂಗಳ ಬಾಡಿಗೆಗೆ ಇಂಥದೊಂದನ್ನು ಹಿಡಿದಿದ್ದಾರೆ. ಅದರ ಯಜಮಾನಿಕೆ ನಮ್ಮ ಹುಡುಗನದು. ಯಜಮಾನನಾದವನು ಆ ಲೋಕದ ನಿಯಮಗಳನ್ನು ಬರಿಯ ಸಂಖ್ಯೆಗಳಿಂದ ಬದಲಾಯಿಸಬಹುದು. ಹಗಲು ಎಷ್ಟು ಹೊತ್ತಿರಬೇಕು, ಹಸಿವು ಎಷ್ಟು ಬೇಗ ಆಗಬೇಕು, ಪ್ರಾಣಿ ಎಷ್ಟು ಬೇಗ ಪಳಗಬೇಕು, ಎಲ್ಲಕ್ಕೂ ಒಂದೊಂದು ಸಂಖ್ಯೆ ಉಂಟು. ಒಂದು ಪೆಟ್ಟಿಗೆ ಎಷ್ಟು ಸೌದೆ, ಎಷ್ಟು ಕಲ್ಲು ಸಿಗಬೇಕೆಂಬುದಕ್ಕೂ ಒಂದು ಸಂಖ್ಯೆಯಿದೆ. ಅದು ಮೂಲದಲ್ಲಿ 1. ಎರಡು ಎಂದು ಬರೆದರೆ ಇಮ್ಮಡಿ, ಹತ್ತು ಎಂದು ಬರೆದರೆ ಹತ್ತು ಮಡಿ.

ವಾಸ್ತವವಾಗಿ ಇಲ್ಲಿ ಒಂದಲ್ಲ, ಮೂರು ಅಳತೆಗಳಿವೆ. ಹಸುವಿನ ದೃಷ್ಟಾಂತದಿಂದ ಹೇಳಿದರೆ ನಮ್ಮ ಗೃಹಿಣಿಯರಿಗೆ ಸುಲಭವಾಗಿ ತಿಳಿಯುತ್ತದೆ. ಒಂದು ಸಲ ಹಿಂಡಿದರೆ ಎಷ್ಟು ಹಾಲು ಬರುತ್ತದೆ ಎಂಬುದು ಮೊದಲನೆಯದು. ಕೆಚ್ಚಲು ಬರಿದಾಗುವವರೆಗೆ ಎಷ್ಟು ಸಲ ಹಿಂಡಬಹುದು ಎಂಬುದು ಎರಡನೆಯದು. ಬರಿದಾದ ಕೆಚ್ಚಲು ಮತ್ತೆ ತುಂಬಲು ಎಷ್ಟು ಹೊತ್ತು ಬೇಕು ಎಂಬುದು ಮೂರನೆಯದು. ಈ ಆಟದಲ್ಲಿ ಮರಕ್ಕೂ ಬಂಡೆಗೂ ಈ ಮೂರು ಗುಣಗಳುಂಟು. ಮೂರಕ್ಕೂ ಬೇರೆ ಬೇರೆ ಸಂಖ್ಯೆಗಳುಂಟು. ಹೊಸಬರು ಮೊದಲನೆಯದೊಂದನ್ನೇ ತಿರುಗಿಸುತ್ತಾರೆ. ನಮ್ಮ ಹುಡುಗನೂ ಹಾಗೆಯೇ ಮಾಡಿದ.

ಇನ್ನು ಆ ಏಳು ಜನರ ವಿಚಾರ. ಇವರೆಲ್ಲ ಪಿ.ಯು.ಸಿ.ಯಲ್ಲಿ ಒಂದೇ ಬೆಂಚಿನ ಸುತ್ತಮುತ್ತ ಕುಳಿತವರು. ಐದು ವರ್ಷಗಳಲ್ಲಿ ದಿಕ್ಕಿಗೊಬ್ಬರಾಗಿ ಹೋಗಿದ್ದಾರೆ. ಒಬ್ಬಾಕೆ ವೈದ್ಯಕೀಯ ಮುಗಿಸಿ ಹೌಸ್ ಸರ್ಜನ್ ಆಗಿದ್ದಾಳೆ. ಒಬ್ಬ ಜರ್ಮನಿಯಲ್ಲಿ ಓದುತ್ತಿದ್ದಾನೆ. ಒಬ್ಬ ಬೆಂಗಳೂರಿನ ಕಂಪೆನಿಯೊಂದರಲ್ಲಿ ರಾತ್ರಿಪಾಳಿಯ ನೌಕರ. ಒಬ್ಬ ತೀರ್ಥಹಳ್ಳಿಯ ಕಡೆ ತಂದೆಯ ಅಡಿಕೆ ತೋಟ ನೋಡಿಕೊಳ್ಳುತ್ತಾನೆ. ಅವಳಿ ಸೋದರರಿಬ್ಬರು ಸರಕಾರಿ ಕೆಲಸದ ಪರೀಕ್ಷೆಗೆ ಓದುತ್ತಿದ್ದಾರೆ. ಎಂದರೆ ಅವರಿಗೆ ಬಿಡುವು ಧಾರಾಳ. ಏಳನೆಯವನು ನಮ್ಮವನು. ಹಿಂದೆ ಊರುಗಳಲ್ಲಿ ಜಗಲಿಯೆಂಬುದಿತ್ತು. ಸಂಜೆಯಾದರೆ ಕರೆಯದೆ ಬಂದು ಕೂಡುತ್ತಿದ್ದರು. ಈ ಏಳು ಜನಕ್ಕೆ ಉಳಿದಿರುವ ಜಗಲಿ ಆ ದ್ವೀಪವೊಂದೇ.

ಜಗಳ ಹುಟ್ಟಿದ್ದು ಹೀಗೆ. ಬಾಡಿಗೆ ಏಳು ಜನಕ್ಕೂ ಸಮಪಾಲು. ಫಲ ಮಾತ್ರ ವಿಷಮಪಾಲು. ಅವಳಿಗಳು ದಿನಕ್ಕೆ ಮೂರು ಗಂಟೆ ಕೂರಬಲ್ಲರು. ಡಾಕ್ಟರ್ ಹುಡುಗಿಗೆ ವಾರದಲ್ಲಿ ನಾಲ್ಕು ರಾತ್ರಿ, ಒಂದೊಂದು ರಾತ್ರಿ ನಲವತ್ತು ನಿಮಿಷ ಸಿಕ್ಕಿದರೆ ಪುಣ್ಯ. ಒಂದು ತಿಂಗಳಲ್ಲಿ ಅವಳಿಗಳು ಕಲ್ಲಿನ ಮನೆ ದಾಟಿ ಲೋಹಕ್ಕೆ ಕೈಹಾಕಿದ್ದರು. ಆಕೆ ಇನ್ನೂ ಹುಲ್ಲಿನ ಗುಡಿಸಲಿನಲ್ಲಿದ್ದಳು. ಸಣ್ಣ ಪ್ರಾಣಿ ಬಂದು ಗುದ್ದಿದರೂ ಬೀಳುವಂಥ ಗುಡಿಸಲು. ಎರಡು ಸಲ ಬಿದ್ದೂ ಬಿತ್ತು. ಅವಳಿಗಳು ಸ್ವಭಾವತಃ ಒಳ್ಳೆಯವರು. ಆಕೆ ಬಾರದಿದ್ದಾಗ ಬಾಗಿಲ ಮುಂದೆ ಪೆಟ್ಟಿಗೆ ತುಂಬ ಕಲ್ಲು, ಸೌದೆ ಇಟ್ಟು ಹೋದರು. ಆಕೆ ಅದನ್ನು ಮುಟ್ಟಲಿಲ್ಲ. "ಹಗಲೆಲ್ಲ ವಾರ್ಡಿನಲ್ಲಿ ಯಾರ್‍ಯಾರದೋ ಅನುಕಂಪ ನೋಡುತ್ತೇನೆ. ರಾತ್ರಿ ಇಲ್ಲಿಗೆ ಬಂದು ನಾನೇ ಭಿಕ್ಷೆ ತೆಗೆದುಕೊಳ್ಳುವುದಿಲ್ಲ" ಎಂದಳಂತೆ. ರಾತ್ರಿಪಾಳಿಯವನು ಅವಳ ಪಕ್ಷ ವಹಿಸಿದ. ಅವಳಿಗಳಿಗೆ ನೋವಾಯಿತು. ಮಾತಿಗೆ ಮಾತು ಬೆಳೆಯಿತು.

ಆಗ ನಮ್ಮ ಹುಡುಗ ಒಂದು ರಾತ್ರಿ ಯಾರನ್ನೂ ಕೇಳದೆ 1ನ್ನು ಅಳಿಸಿ 10 ಎಂದು ಬರೆದ.

"ಮೊದಲ ವಾರ ಹಬ್ಬ ಮಾಮ" ಎಂದ. ಒಂದು ಪೆಟ್ಟಿಗೆ ಮುಂಚೆ ಒಂದು ಮರದಿಂದ ಸಿಗುತ್ತಿದ್ದಷ್ಟು ಸೌದೆ. ಡಾಕ್ಟರ್ ಹುಡುಗಿ ಎರಡು ರಾತ್ರಿಗಳಲ್ಲಿ ಕಲ್ಲಿನ ಮನೆ ಕಟ್ಟಿ ಎಲ್ಲರನ್ನೂ ಗೃಹಪ್ರವೇಶಕ್ಕೆ ಕರೆದಳು. ಜಗಳ ಮರೆತುಹೋಯಿತು.

ಎರಡನೆಯ ವಾರ ಗಂಟು ಬೇರೆ ಕಡೆ ಕಾಣಿಸಿಕೊಂಡಿತು. ಈ ಆಟದಲ್ಲಿ ಪ್ರತಿ ಪದಾರ್ಥಕ್ಕೂ ತೂಕವುಂಟು. ಹೊರೆ ಮೀರಿದರೆ ಆಟಗಾರ ನಿಂತಲ್ಲಿಂದ ಕದಲಲಾರ. ಅದಿರಿನ ಬಂಡೆಗೆ ನಾಲ್ಕು ಪೆಟ್ಟು ಹಾಕಿದವನು ಅಲ್ಲೇ ಕಂಬದಂತೆ ನಿಲ್ಲತೊಡಗಿದ. ಅದಿರನ್ನು ಕುಲುಮೆಯಲ್ಲಿ ಕಾಯಿಸಬೇಕು. ಎರಡು ಅದಿರಿಗೆ ಒಂದು ಗಟ್ಟಿ ಲೋಹ. ಅದಿರು ಹತ್ತು ಪಟ್ಟಾಯಿತೇ ಹೊರತು ಕುಲುಮೆಯ ವೇಗ ಹತ್ತು ಪಟ್ಟಾಗಲಿಲ್ಲ. ಆದ್ದರಿಂದ ಸಾಲುಸಾಲಾಗಿ ಕುಲುಮೆಗಳು ಎದ್ದವು, ಅದಿರು ತುಂಬಿಡಲು ಸಾಲುಸಾಲು ಪೆಟ್ಟಿಗೆಗಳು, ಅವನ್ನು ಇಡಲು ಉಗ್ರಾಣಗಳು, ಉಗ್ರಾಣಗಳಿಗೆ ಗೋಡೆಗಳು. ಇನ್ನೊಂದು ಸಂಗತಿಯನ್ನು ಇವರು ಗಮನಿಸಿರಲಿಲ್ಲ. ಈ ಆಟದಲ್ಲಿ ಕಟ್ಟಡದ ಸಮೀಪದಲ್ಲಿ ಕಡಿದ ಮರ, ಒಡೆದ ಬಂಡೆ ಮತ್ತೆ ಹುಟ್ಟುವುದಿಲ್ಲ. ಕೋಟೆ ಹಬ್ಬಿದಂತೆಲ್ಲ ಸುತ್ತಣ ಕಾಡು ಬೋಳಾಗುತ್ತ ಹೋಯಿತು. ಹತ್ತು ಪಟ್ಟು ಸೌದೆ ಬಂದ ಮೇಲೆ ಸೌದೆಗೆ ಹೆಚ್ಚು ದೂರ ನಡೆಯಬೇಕಾಯಿತು!

ಮೂರನೆಯ ವಾರ ಮೌನ. ಇದನ್ನು ವಿವರಿಸುವಾಗ ಹುಡುಗನ ದನಿ ತಗ್ಗಿತು. ಮುಂಚೆ ಲೋಹ ಬೇಕಾದರೆ ಬೆಟ್ಟದ ನೆತ್ತಿಗೆ ಹೋಗಬೇಕಿತ್ತು. ಒಬ್ಬರಿಂದ ಆಗುವ ಕೆಲಸವಾಗಿರಲಿಲ್ಲ. ಅರ್ಜೆಂಟಾವಿಸ್ ಎಂಬ ದೈತ್ಯ ಹಕ್ಕಿಯಿದೆ. ಅದರ ಬೆನ್ನೇರಿದವನು ಆಂಕೈಲೋಸಾರಸ್ ಎಂಬ ಗದೆಬಾಲದ ಪ್ರಾಣಿಯನ್ನು ಪಂಜದಲ್ಲಿ ಎತ್ತಿಕೊಂಡು ಬೆಟ್ಟಕ್ಕೆ ಒಯ್ಯುವನು. ಅಲ್ಲಿ ಇನ್ನೊಬ್ಬ ಅದನ್ನೇರಿ, ಬಾಲದಿಂದ ಬಂಡೆಗಳನ್ನು ಹೊಡೆಸಿ ಅದಿರು ತೆಗೆಯುವನು. ಮೂರನೆಯವನು ತೋಳಗಳು ಬಾರದಂತೆ ಕಾವಲು ನಿಲ್ಲುವನು. ಈ ಯಾತ್ರೆಗಾಗಿಯೇ ಭಾನುವಾರ ರಾತ್ರಿ ಎಲ್ಲರೂ ಹೊತ್ತು ಹೊಂದಿಸಿಕೊಂಡು ಬರುತ್ತಿದ್ದರು. ಜರ್ಮನಿಯವನು ತನ್ನ ಊಟ ಮುಂದೂಡುತ್ತಿದ್ದ. ಈಗ ಯಾರಾದರೊಬ್ಬ ಒಂದು ಗುದ್ದಲಿ ಹಿಡಿದು ಹೋದರೆ ಕಾಲುಗಂಟೆಯಲ್ಲಿ ಬೇಕಾದಷ್ಟು ಅದಿರು. ಒಬ್ಬರಿಗೊಬ್ಬರು ಬೇಕಾಗಲಿಲ್ಲ. ಭಾನುವಾರದ ಯಾತ್ರೆ ನಿಂತಿತು. ಯಾರೂ ಮುನಿಸಿಕೊಂಡು ಹೋಗಲಿಲ್ಲ. ಬರುವುದಕ್ಕೆ ಕಾರಣವಿಲ್ಲದೆ ನಿಂತರು. "ನಿನ್ನೆ ಎರಡು ಗಂಟೆ ಒಬ್ಬನೇ ಓಡಾಡಿದೆ ಮಾಮ. ಅಷ್ಟು ದೊಡ್ಡ ಕೋಟೆ. ಯಾರೂ ಇಲ್ಲ."

ನಾನು ಅವನೊಡನೆ ಹೋಗಿ ಆ ಕೋಟೆಯನ್ನು ನೋಡಿದೆ. ಲೋಹದ ಗೋಡೆಗಳು ಬೆಳದಿಂಗಳಲ್ಲಿ ಹೊಳೆಯುತ್ತಿದ್ದವು. ಪೆಟ್ಟಿಗೆಗಳ ಸಾಲು. ತಣ್ಣಗಾದ ಕುಲುಮೆಗಳು. ಏಳು ಜನರ ಏಳು ಶರೀರಗಳು ತಮ್ಮ ತಮ್ಮ ಕೋಣೆಯಲ್ಲಿ ಮಲಗಿದ್ದವು. ಆಟಗಾರ ಹೊರಗೆ ಹೋದಾಗ ಅವನ ಶರೀರ ಆ ಲೋಕದಲ್ಲಿ ನಿದ್ರಿಸುತ್ತಿರುತ್ತದಂತೆ. ನನಗೆ ಹಂಪೆಯಲ್ಲಿ ಸಂಜೆ ನಿಂತಂತಾಯಿತು.

ಈ ವ್ಯಾಧಿ ಇವರೊಬ್ಬರದೇ ಅಲ್ಲ. ಆಟಗಳನ್ನು ಕಟ್ಟುವ ದೊಡ್ಡವರೂ ಇದರಲ್ಲಿ ನರಳಿದ್ದಾರೆ. 1997ರ ಸೆಪ್ಟೆಂಬರಿನಲ್ಲಿ ಅಮೆರಿಕದಲ್ಲಿ 'ಅಲ್ಟಿಮಾ ಆನ್‌ಲೈನ್' ಎಂಬ ಆಟ ಹೊರಬಂತು. ಸಾವಿರಾರು ಜನ ಒಂದೇ ಕಲ್ಪಿತ ಲೋಕದಲ್ಲಿ ಬಾಳಿದ ಮೊದಮೊದಲ ಆಟಗಳಲ್ಲಿ ಅದೂ ಒಂದು. ಅದನ್ನು ಕಟ್ಟಿದವರು ಲೋಕದ ಸಂಪತ್ತಿಗೆ ಒಂದು ಮಿತಿಯಿಟ್ಟರು: ಬಳಸಿದ ಪದಾರ್ಥ ಸವೆದು ಮರಳಿ ಲೋಕಕ್ಕೆ ಸೇರಬೇಕು, ಅಲ್ಲಿಂದ ಮತ್ತೆ ಹುಟ್ಟಬೇಕು ಎಂದು. ಲೆಕ್ಕಾಚಾರವೇನೋ ಸೊಗಸಾಗಿತ್ತು. ಆದರೆ ಆಟಗಾರರು ಪದಾರ್ಥಗಳನ್ನು ಬಳಸದೆ ಪೆಟ್ಟಿಗೆಗಳಲ್ಲಿ ಕೂಡಿಟ್ಟುಕೊಂಡರು. ಕೂಡಿಟ್ಟದ್ದು ಲೋಕಕ್ಕೆ ಮರಳಲಿಲ್ಲ. ತಡವಾಗಿ ಬಂದವನಿಗೆ ಉಳಿದದ್ದು ಬರಿದಾದ ಗಣಿ. ಕೊನೆಗೆ ಆ ಕಟ್ಟುಪಾಡನ್ನು ಕೈಬಿಟ್ಟು, ನಲ್ಲಿಯಿಂದ ನೀರು ಬಂದಂತೆ ಪದಾರ್ಥ ಬರುತ್ತಿರಲಿ, ಬಚ್ಚಲಿನಲ್ಲಿ ಹರಿದಂತೆ ಹೋಗುತ್ತಲೂ ಇರಲಿ ಎಂಬ ಪದ್ಧತಿಗೆ ಬರಬೇಕಾಯಿತು.

'ರಸ್ಟ್' ಎಂಬ ಇನ್ನೊಂದು ಆಟದಲ್ಲಿ ಸರ್ವರುಗಳು ತಮ್ಮ ಹೆಸರಿನ ಜೊತೆಗೇ 'ಎರಡು ಪಟ್ಟು', 'ಐದು ಪಟ್ಟು', 'ಹತ್ತು ಪಟ್ಟು' ಎಂದು ಅಂಗಡಿಯ ಹಲಗೆಯಂತೆ ಬರೆದುಕೊಳ್ಳುತ್ತವೆ. ಅಲ್ಲಿ ಒಬ್ಬರ ಮನೆಯನ್ನು ಇನ್ನೊಬ್ಬರು ಸಿಡಿಮದ್ದಿನಿಂದ ಒಡೆದು ದೋಚುವುದೇ ಮುಖ್ಯ ಕಸುಬು. ಗೋಡೆಗೆ ಬೇಕಾದ ಕಲ್ಲು ಹತ್ತು ಪಟ್ಟಾದಾಗ ಮದ್ದಿಗೆ ಬೇಕಾದ ಗಂಧಕವೂ ಹತ್ತು ಪಟ್ಟಾಗುತ್ತದೆ. ಸುಲಭವಾಗಿ ಎದ್ದ ಮನೆ ಸುಲಭವಾಗಿಯೇ ಬೀಳುತ್ತದೆ. ಜೊತೆಗೆ ಪ್ರತಿ ತಿಂಗಳ ಮೊದಲ ಗುರುವಾರ ಅಲ್ಲಿಯ ಲೋಕವನ್ನೇ ಅಳಿಸಿ ಹೊಸದಾಗಿ ಆರಂಭಿಸುವ ಕ್ರಮವುಂಟು. ಅವರಿಗೆ ಪ್ರಳಯವೂ ಪಂಚಾಂಗದಲ್ಲಿ ಗೊತ್ತಾಗಿರುವುದರಿಂದ ಹತ್ತು ಪಟ್ಟಿನಿಂದ ಅಷ್ಟು ಬಾಧೆಯಿಲ್ಲ. ನಮ್ಮ ಏಳು ಜನಕ್ಕೆ ಪ್ರಳಯ ಬೇಕಿರಲಿಲ್ಲ, ಜಗಲಿ ಬೇಕಿತ್ತು.

ಆ ಭಾನುವಾರ ನಮ್ಮ ಹಜಾರದಲ್ಲಿ ಸಭೆ ಸೇರಿತು. ನಮ್ಮ ಹುಡುಗ ಖುದ್ದಾಗಿ, ಉಳಿದ ಆರು ಜನ ದೂರವಾಣಿಯ ಮೂಲಕ. ಆಟದ ಗಂಧವೇ ಇಲ್ಲದವನು ನಿಷ್ಪಕ್ಷಪಾತಿಯಾಗಿರುತ್ತಾನೆಂದು ನನ್ನನ್ನು ಅಧ್ಯಕ್ಷನನ್ನಾಗಿ ಮಾಡಿದರು. ಅಧ್ಯಕ್ಷ ಭಾಷಣಕ್ಕೆ ನಾನು ಸಿದ್ಧನಾಗುತ್ತಿದ್ದಂತೆ ಅವರವರೇ ವಾದಕ್ಕೆ ತೊಡಗಿದರು. ಅವಳಿಗಳು ಮತ್ತೆ ಒಂದಕ್ಕೆ ಇಳಿಸಿರೆಂದರು. ರಾತ್ರಿಪಾಳಿಯವನು ಐದಿರಲಿ ಎಂದ. ಅಡಿಕೆ ತೋಟದವನು, "ನಮ್ಮ ತೋಟದಲ್ಲಿ ಯಾವ ಸಂಖ್ಯೆ ತಿರುಗಿಸಿದರೂ ಕೊನೆ ಹೆಚ್ಚಾಗುವುದಿಲ್ಲ ಸಾರ್. ಇಲ್ಲಿಯಾದರೂ ತಿರುಗುತ್ತದೆಯಲ್ಲ, ಅಷ್ಟೇ ಸಂತೋಷ" ಎಂದು ನಕ್ಕ. ಡಾಕ್ಟರ್ ಹುಡುಗಿ ಏನೂ ಹೇಳಲಿಲ್ಲ.

ಆಗ ಕಾಫಿ ತಂದಿಟ್ಟ ನನ್ನಾಕೆ, ಹುಡುಗನನ್ನು ಕೇಳಿದಳು: "ಒಂದು ಮಟ್ಟಸವಾದ ಕಲ್ಲಿನ ಮನೆಗೆ ಎಷ್ಟು ಹೊತ್ತಿನ ಕಲ್ಲು ಬೇಕಾಗುತ್ತದೆ?"

"ದರ ಒಂದಿದ್ದರೆ ಸುಮಾರು ಎಂಟು ಗಂಟೆ ಅತ್ತೆ."

"ಆ ಹುಡುಗಿಗೆ ವಾರಕ್ಕೆ ಎಷ್ಟು ಹೊತ್ತು ಸಿಗುತ್ತದೆ?"

"ಎರಡು ಗಂಟೆ ನಲವತ್ತು ನಿಮಿಷ."

"ಹಾಗಾದರೆ ಅವಳಿಗೆ ಮೂರು ವಾರ. ಅವಳು ಬಂದ ವಾರವೇ ಅವಳ ಮನೆ ಏಳಬೇಕಾದರೆ ಎಷ್ಟು ಮಾಡಬೇಕೋ ಅಷ್ಟು ಮಾಡಿ. ಹತ್ತು ಯಾಕೆ?"

ಹುಡುಗ ಒಂದು ಗಳಿಗೆ ಸುಮ್ಮನಿದ್ದು, ಕಾಗದ ತೆಗೆದು ಲೆಕ್ಕ ಹಾಕಿದ. ಆ ಲೆಕ್ಕವನ್ನು ವಾಚಕರ ಮುಂದೆ ಇಡಲೇಬೇಕು. ಈ ವ್ಯಾಜ್ಯದ ಮರ್ಮವೆಲ್ಲ ಅದರಲ್ಲಿದೆ.

ಅವಳಿಗಳಲ್ಲಿ ಒಬ್ಬನ ದುಡಿಮೆ ವಾರಕ್ಕೆ 21 ಗಂಟೆ. ಹುಡುಗಿಯದು 2 ಗಂಟೆ 40 ನಿಮಿಷ. ದರ ಒಂದಿದ್ದಾಗ ಇಬ್ಬರ ನಡುವಣ ಅಂತರ ಸುಮಾರು 18 ಗಂಟೆಯ ಸಂಗ್ರಹ. ದರ ಹತ್ತಾದಾಗ ಇಬ್ಬರದೂ ಹತ್ತು ಪಟ್ಟಾಯಿತು. ಅಂತರ ಸುಮಾರು 183 ಗಂಟೆಗಳ ಸಂಗ್ರಹಕ್ಕೆ ಏರಿತು! ಅಂದರೆ ಗುಣಕವನ್ನು ಎಷ್ಟು ಏರಿಸಿದರೂ ಬಿಡುವಿದ್ದವನಿಗೂ ಬಿಡುವಿಲ್ಲದವನಿಗೂ ಇರುವ ಪ್ರಮಾಣ ಕದಲುವುದಿಲ್ಲ, ಅಂತರ ಮಾತ್ರ ಹಿಗ್ಗುತ್ತದೆ. ಹಾಗಿದ್ದರೂ ಮೊದಲ ವಾರ ಆಕೆಗೆ ಸುಖವಾದದ್ದು ಏಕೆ? ಮನೆಗೆ ಬೇಕಾದ ಕಲ್ಲಿಗೆ ಒಂದು ಮಿತಿಯಿದೆ. ಆ ಮಿತಿಯನ್ನು ಮುಟ್ಟಿದವರೆಲ್ಲ, ಎಷ್ಟು ಹೊತ್ತಿನಲ್ಲಿ ಮುಟ್ಟಿದರೂ, ಒಂದೇ ಪಂಕ್ತಿಯಲ್ಲಿ ಕೂರುತ್ತಾರೆ. ಮುಟ್ಟಿದ ಮೇಲೂ ಸುರಿಯುತ್ತಲೇ ಇದ್ದದ್ದು ಉಗ್ರಾಣವಾಯಿತು, ಕುಲುಮೆಯಾಯಿತು, ಬೋಳು ಕಾಡಾಯಿತು. ದರ ನಾಲ್ಕಾದರೆ ಎಂಟು ಗಂಟೆಯ ಕೆಲಸ ಎರಡು ಗಂಟೆಗೆ ಇಳಿಯುತ್ತದೆ. ಎಂದರೆ ನಲವತ್ತು ನಿಮಿಷಗಳ ಮೂರು ರಾತ್ರಿ. ವಾರ ಮುಗಿಯುವುದರೊಳಗೆ ಮನೆ ಎದ್ದು, ಒಂದು ರಾತ್ರಿ ಉಳಿಯುತ್ತದೆ. ಗಣಿತದ ಎಂ.ಎಸ್ಸಿ.ಗೆ ಹೊಳೆಯದ ಸಂಖ್ಯೆಯನ್ನು ಕಾಫಿಯ ಪಾತ್ರೆ ಹಿಡಿದವಳು ತೋರಿಸಿಕೊಟ್ಟಳು. ಏಳು ಜನರ ಸಂಸಾರಕ್ಕೆ ಅಳೆದು ಹಾಕಿ ಅಭ್ಯಾಸವಿರುವವರಿಗೆ 'ಇಷ್ಟು ಸಾಕು' ಎಂಬುದರ ಅಂದಾಜು ತಟ್ಟನೆ ಸಿಗುತ್ತದೆ.

ನನಗೆ ಆಗ ಆಯ್ದಕ್ಕಿ ಲಕ್ಕಮ್ಮ ನೆನಪಾದಳು. ಹನ್ನೆರಡನೆಯ ಶತಮಾನದ ಕಲ್ಯಾಣದಲ್ಲಿ ಅವಳ ಗಂಡ ಮಾರಯ್ಯನ ಕಾಯಕ ನೆಲಕ್ಕೆ ಚೆಲ್ಲಿದ ಅಕ್ಕಿಯನ್ನು ಆಯ್ದು ತರುವುದು. ಒಂದು ದಿನ ಆತ ನಿತ್ಯಕ್ಕಿಂತ ಹೆಚ್ಚು ಅಕ್ಕಿ ತಂದ. ಹೆಂಡತಿ ಹಿಗ್ಗಲಿಲ್ಲ, ಹೆಚ್ಚಿನದನ್ನು ತಂದಲ್ಲಿಯೇ ಚೆಲ್ಲಿ ಬರುವಂತೆ ಹಿಂದಕ್ಕೆ ಕಳಿಸಿದಳೆಂಬುದು ಕಥೆ. ತರಗತಿಯಲ್ಲಿ ಎಷ್ಟೋ ವರ್ಷ ಈ ಕಥೆಯನ್ನು ನಿರಾಸೆಯಿಲ್ಲದ ಭಕ್ತಿಗೆ ಉದಾಹರಣೆಯಾಗಿ ಹೇಳಿದ್ದೇನೆ. ಸಂಗ್ರಹದ ದರವನ್ನು ಗೊತ್ತುಮಾಡುವ ಪ್ರಶ್ನೆಯೂ ಅದರಲ್ಲಿದೆಯೆಂದು ಅಂದು ನನ್ನ ಹಜಾರದಲ್ಲಿ ಕುಳಿತಾಗ ತಿಳಿಯಿತು. ಆಯುವವನ ಕೈಚಳಕದಿಂದ ಅಳತೆ ಹುಟ್ಟಲಿಲ್ಲ. ಮನೆಯ ಅಗತ್ಯದಿಂದ ಹುಟ್ಟಿತು.

ನಮ್ಮ ಅಜ್ಜ ಹೇಳುತ್ತಿದ್ದ ಮಾತೊಂದಿದೆ: ಕಣದಲ್ಲಿ ರಾಗಿ ಎಷ್ಟು ಬಿದ್ದಿದೆ ಎನ್ನುವುದಕ್ಕಿಂತ ಕೊಳಗ ಯಾರ ಕೈಯಲ್ಲಿದೆ ಎಂಬುದನ್ನು ನೋಡು ಎಂದು. ನಮ್ಮ ಹುಡುಗ ಒಂದು ರಾತ್ರಿ ಯಾರನ್ನೂ ಕೇಳದೆ ಕೊಳಗ ಬದಲಿಸಿದ್ದ. ಒಳ್ಳೆಯ ಮನಸ್ಸಿನಿಂದಲೇ ಬದಲಿಸಿದ್ದ. ಆದರೂ ಅಧ್ಯಕ್ಷನ ನೆಲೆಯಿಂದ ನಾನು ಒಂದೇ ಒಂದು ನಿಬಂಧನೆ ಹಾಕಿದೆ: ಇನ್ನು ಮುಂದೆ ಏಳು ಜನರ ಒಪ್ಪಿಗೆಯಿಲ್ಲದೆ ಯಾವ ಸಂಖ್ಯೆಯೂ ಕದಲತಕ್ಕದ್ದಲ್ಲ. ಅವನು ತಲೆ ತಗ್ಗಿಸಿ ಒಪ್ಪಿದ.

ನಿರ್ಣಯಗಳು ಹೀಗಾದವು. ಒಂದೊಂದು ಪದಾರ್ಥಕ್ಕೂ ಬೇರೆ ಬೇರೆ ಗುಣಕ ಕೊಡಲು ಆಟದಲ್ಲಿ ಅವಕಾಶವಿದೆ. ಹುಲ್ಲು, ನಾರು, ಸೌದೆ, ಕಲ್ಲುಗಳಿಗೆ 4. ಇವು ಮನೆಯ ಮಾತು, ಯಾರೂ ಇದಕ್ಕಾಗಿ ಇನ್ನೊಬ್ಬರ ಮುಖ ನೋಡಬಾರದು. ಅದಿರಿಗೆ 2 ಮಾತ್ರ. ಅದು ಕೂಡಿ ಮಾಡುವ ಕೆಲಸವಾಗಿಯೇ ಇರಬೇಕು, ಆದರೆ ಭಾನುವಾರದ ಒಂದು ಯಾತ್ರೆ ವಾರಕ್ಕೆ ಸಾಕಾಗಬೇಕು. ಮರ, ಬಂಡೆಗಳು ಮರುಹುಟ್ಟು ಪಡೆಯುವ ಅವಧಿ ಅರ್ಧಕ್ಕೆ ಇಳಿಯಲಿ. ತಡವಾಗಿ ಬಂದವನಿಗೂ ಮನೆಯ ಹತ್ತಿರ ಮರವಿರಲಿ.

ಉಳಿದದ್ದು ಹಳೆಯ ಸಂಪತ್ತಿನ ಪ್ರಶ್ನೆ. ಲೋಹದ ಕೋಟೆಯನ್ನು ಇಟ್ಟುಕೊಂಡು ದರ ಇಳಿಸಿದರೆ ಏನು ಬಂತು? ಹೊಸ ದ್ವೀಪಕ್ಕೆ ಹೋಗಬೇಕು ಎಂದಾಯಿತು. ಹೊಸ ಸರ್ವರಿಗೆ ಹಳೆಯ ದ್ವೀಪದಿಂದ ಆಟಗಾರರೂ ಪ್ರಾಣಿಗಳೂ ದಾಟಲು ದಾರಿಯುಂಟು. ದ್ವೀಪದಲ್ಲಿ ನಿಂತಿರುವ ಮೂರು ಎತ್ತರದ ಸ್ತಂಭಗಳ ಮೂಲಕ ಆ ಪ್ರಯಾಣ. ಸಾಮಾನನ್ನು ಮಾತ್ರ ಒಳಗೆ ಬಿಡದಂತೆ ಹೊಸ ಸರ್ವರಿನಲ್ಲಿ ತಡೆ ಹಾಕಬಹುದು. ಪ್ರತಿಯೊಬ್ಬರೂ ಒಂದೊಂದು ಪ್ರಾಣಿಯನ್ನು ಕರೆದೊಯ್ಯತಕ್ಕದ್ದು, ಗಂಟುಮೂಟೆ ಏನೂ ಕೂಡದು ಎಂದು ಗೊತ್ತಾಯಿತು. ಅವಳಿಗಳು ಒಂದು ನಿಮಿಷ ಮಾತಾಡಲಿಲ್ಲ. ಆ ಕೋಟೆಯ ಬಹುಪಾಲು ಅವರ ಕೈಯಿಂದ ಎದ್ದದ್ದು. ಕೊನೆಗೆ ಹಿರಿಯವನು, "ಆಗಲಿ ಸಾರ್, ಅಲ್ಲಿ ಯಾರೂ ಬರುತ್ತಿರಲಿಲ್ಲವಲ್ಲ" ಎಂದ. ಆ ಮಾತಿನಲ್ಲಿ ಅವನೆಷ್ಟು ಬಿಟ್ಟುಕೊಟ್ಟನೆಂಬುದು ಅಲ್ಲಿದ್ದವರಿಗೆಲ್ಲ ಅರ್ಥವಾಯಿತು. ದೂರವಾಣಿಯ ಆ ತುದಿಯಿಂದ ಡಾಕ್ಟರ್ ಹುಡುಗಿ ಅಂದು ಮೊದಲ ಬಾರಿಗೆ ಬಾಯಿಬಿಟ್ಟಳು: "ಲೋ, ಆವತ್ತು ನಿಮ್ಮ ಪೆಟ್ಟಿಗೆ ಮುಟ್ಟದೆ ಇದ್ದದ್ದು ನಿಮ್ಮ ಮೇಲಿನ ಸಿಟ್ಟಿನಿಂದ ಅಲ್ಲ ಕಣ್ರೋ."

ಉಳಿದವರು ಬಲಿಷ್ಠವಾದ ಪ್ರಾಣಿಗಳನ್ನು ಆರಿಸಿಕೊಂಡರು. ಆಕೆ ಮಾತ್ರ ತಾನು ಎಲ್ಲಕ್ಕಿಂತ ಮೊದಲು ಪಳಗಿಸಿದ್ದ ಡೋಡೋ ಎಂಬ ಹಕ್ಕಿಯನ್ನು ಒಯ್ದಳಂತೆ. ಹಾರಲಾರದ, ಕಾದಲಾರದ, ಹೊರೆ ಹೊರಲಾರದ ಹಕ್ಕಿ.

ಇದು ನಡೆದು ಮೂರು ವಾರವಾಯಿತು. ಈ ನಾಲ್ಕು ಮತ್ತು ಎರಡರ ಸೂತ್ರ ಸರ್ವರಿಗೂ ಒಪ್ಪುವಂಥದೆಂದು ನಾನು ಹೇಳುವುದಿಲ್ಲ. ಬೇರೆ ಏಳು ಜನಕ್ಕೆ ಬೇರೆ ಏಳು ಗಡಿಯಾರಗಳಿರುತ್ತವೆ. ಎಲ್ಲರಿಗಿಂತ ಕಡಿಮೆ ಹೊತ್ತಿರುವವರು ಯಾರು, ಅವರಿಗೆ ಎಷ್ಟಾದರೆ ಸಾಕು ಎಂದು ಕೇಳಿಕೊಂಡು ಅಲ್ಲಿಂದ ಲೆಕ್ಕ ಹಿಡಿಯಬೇಕೆಂಬುದಷ್ಟೇ ನನ್ನ ಅರಿಕೆ. ಇನ್ನು ನನ್ನಾಕೆಯ ದೂರೊಂದು ಹಾಗೆಯೇ ಉಳಿದಿದೆ: ದ್ವೀಪದಲ್ಲಿ ಕಾಡಿಗೆ ಕಾಡನ್ನೇ ಕಡಿದು ಹೊರುವ ಹುಡುಗ, ಬೀದಿಯ ಕೊನೆಯಿಂದ ಎರಡು ಕಟ್ಟು ಕೊತ್ತಂಬರಿಸೊಪ್ಪು ತಾ ಎಂದರೆ ಮೈಮುರಿಯುತ್ತಾನೆ. ಇದಕ್ಕೆ ಯಾವ ಗುಣಕವನ್ನು ಎಷ್ಟಕ್ಕೆ ಏರಿಸಬೇಕೋ ತಿಳಿಯದು.

ಮೊನ್ನೆ ಭಾನುವಾರ ರಾತ್ರಿ ಹನ್ನೊಂದರ ಸುಮಾರಿಗೆ ಅವನ ಕೋಣೆಯಿಂದ ಗದ್ದಲ ಕೇಳಿಬಂತು. ಗದರಿಸಿ ಬರೋಣವೆಂದು ಎದ್ದು ಹೋದೆ. ತೆರೆಯ ಮೇಲೆ ಬೆಟ್ಟದ ನೆತ್ತಿ. ದೈತ್ಯ ಹಕ್ಕಿ ಗದೆಬಾಲದ ಪ್ರಾಣಿಯನ್ನು ಪಂಜದಲ್ಲಿ ಹಿಡಿದು ಇಳಿಯುತ್ತಿತ್ತು. ಕಾವಲಿದ್ದ ಜರ್ಮನಿಯವನು "ತೋಳ, ತೋಳ!" ಎಂದು ಕೂಗುತ್ತಿದ್ದ. ಅಡಿಕೆ ತೋಟದವನು ದಾರಿ ತಪ್ಪಿ ಬೇರೆ ಬೆಟ್ಟದ ಮೇಲಿದ್ದ. ಎಲ್ಲರೂ ಒಟ್ಟಿಗೆ ಮಾತಾಡುತ್ತಿದ್ದರು, ಯಾರ ಮಾತೂ ಯಾರಿಗೂ ಕೇಳಿಸುತ್ತಿರಲಿಲ್ಲ. ಸ್ವಲ್ಪ ಹೊತ್ತಿನ ಮೇಲೆ ಡಾಕ್ಟರ್ ಹುಡುಗಿಯ ದನಿ ಬಂತು: "ಸಾಕು ಕಣ್ರೋ, ಈ ವಾರಕ್ಕೆ ಇಷ್ಟು ಸಾಕು. ನನಗೆ ಬೆಳಿಗ್ಗೆ ಡ್ಯೂಟಿ." ಹಿಂದಿರುಗುವ ಹಾದಿಯಲ್ಲಿ ಅವಳ ಮನೆ ಕಂಡಿತು. ನಾಲ್ಕು ಕಲ್ಲಿನ ಗೋಡೆ, ಒಂದು ಬಾಗಿಲು, ಬಾಗಿಲ ಮುಂದೆ ಡೋಡೋ.

ಗದರಿಸಲು ಹೋದವನು ಹತ್ತು ನಿಮಿಷ ನಿಂತು ನೋಡಿ, ಸದ್ದಿಲ್ಲದೆ ಬಾಗಿಲು ಮುಂದೆ ಮಾಡಿಕೊಂಡು ಬಂದೆ.

ಅಂದಹಾಗೆ, ರನ್ನನ ಪ್ರಶ್ನೆಗೆ ಪಂಪನನ್ನು ಬರೆದ ಆ ಮಹಾಶಯನಿಗೆ ಹತ್ತಕ್ಕೆ ನಾಲ್ಕು ಕೊಟ್ಟಿದ್ದೇನೆ.